ಬಂದೂಕು ಹಿಡಿಯದ ಕೆ. ಸುಬ್ರಹ್ಮಣ್ಯಂ ಯುದ್ಧದ ಬಗ್ಗೆ ಬರೆದದ್ದನ್ನು ಯಾಕೆ ಓದಬೇಕು?

‘ಒಂದಿನಾನೂ ಬಂದೂಕು ಹಿಡೀದ ಐಎಎಸ್ ಅಧಿಕಾರಿ ಯುದ್ಧದ ಬಗ್ಗೆ ಬರೆದದ್ದು ಓದಿ ಏನ್ ಸಿಗ್ತದರೀ?’ ಅಂತ ಕೇಳಿದ್ದೀರಿ. ಹಾವೇರಿಯಿಂದ ಬಂದು ಧಾರವಾಡದಲ್ಲಿ ರೂಮು ಮಾಡಿಕೊಂಡು ಕೋಚಿಂಗ್‌ಗೆ ಹೋಗುತ್ತಿದ್ದೇನೆ, ರಾಷ್ಟ್ರೀಯ ಭದ್ರತೆ ಅಂದಕೂಡಲೇ ಎಲ್ಲರೂ ಕೆ. ಸುಬ್ರಹ್ಮಣ್ಯಂ ಹೆಸರು ಹೇಳುತ್ತಾರೆ, ಓದುವುದಾದರೆ ಎಲ್ಲಿಂದ ಶುರು ಮಾಡಲಿ ಎಂದೂ ಬರೆದಿದ್ದೀರಿ.

ನಾನು ಇದೇ ಊರಿನಲ್ಲಿ ಡಿಗ್ರಿ ಹುಡುಗರಿಗೆ ಇತಿಹಾಸ ಹೇಳುವವ. ನಿಮ್ಮ ಅನುಮಾನ ನನಗೆ ಇಷ್ಟವಾಯಿತು. ಆದರೆ ಅದೇ ಅನುಮಾನವನ್ನು ತಿರುಗಿಸಿ ನೋಡಿ. ಗುಡ್ಡ ಹತ್ತಿದ್ದು ಹೇಗೆ ಎಂದು ಹೇಳಲು ಹತ್ತಿದವರೇ ಇದ್ದಾರೆ, ಅವರಷ್ಟು ಚೆನ್ನಾಗಿ ಬೇರೆ ಯಾರೂ ಹೇಳಲಾರರು. ಆ ಗುಡ್ಡ ಹತ್ತುವ ಪ್ರಸಂಗ ಯಾಕೆ ಬಂತು, ಯಾರಿಗೆ ಯಾವಾಗ ಏನು ಗೊತ್ತಿತ್ತು, ಗೊತ್ತಿದ್ದವರು ಯಾರಿಗೆ ಹೇಳಿದರು, ಯಾರಿಗೆ ಹೇಳಲಿಲ್ಲ? ಇದರ ಉತ್ತರ ಗುಡ್ಡದ ಮೇಲೆ ಇರುವುದಿಲ್ಲ, ದಿಲ್ಲಿಯ ಫೈಲಿನಲ್ಲಿ ಇರುತ್ತದೆ. ಫೈಲು ಓದಲು ಬಲ್ಲವನೊಬ್ಬ ಜೀವಮಾನವಿಡೀ ಈ ಪ್ರಶ್ನೆ ಕೇಳುತ್ತ ಹೋದ. ಅದಕ್ಕೇ ಓದಬೇಕು.

ಅವರ ಬಗ್ಗೆ ಬೇಕಾದಷ್ಟೇ ಹೇಳುತ್ತೇನೆ. 1929ರಲ್ಲಿ ತಿರುಚಿನಾಪಳ್ಳಿಯಲ್ಲಿ ಹುಟ್ಟಿದವರು, ಮದ್ರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ರಸಾಯನಶಾಸ್ತ್ರ ಓದಿ 1951ರ ಬ್ಯಾಚಿನಲ್ಲಿ ಐಎಎಸ್ ಸೇರಿದರು. ಚೀನಾ ಯುದ್ಧದ ದಿನಗಳಲ್ಲಿ ರಕ್ಷಣಾ ಸಚಿವಾಲಯದಲ್ಲಿದ್ದರು. 1968ರಲ್ಲಿ ದಿಲ್ಲಿಯ ರಕ್ಷಣಾ ಅಧ್ಯಯನ ಸಂಸ್ಥೆ ಐಡಿಎಸ್‌ಎಗೆ ನಿರ್ದೇಶಕರಾದರು. 1975ರವರೆಗೆ ಒಂದು ಸಲ, 1980ರಿಂದ 1987ರವರೆಗೆ ಇನ್ನೊಂದು ಸಲ. ನಡುವೆ ಜಂಟಿ ಗುಪ್ತಚರ ಸಮಿತಿಯ ಅಧ್ಯಕ್ಷತೆ. 1984ರ ಆಗಸ್ಟ್‌ನಲ್ಲಿ ಅಪಹರಣವಾಗಿ ದುಬೈ ಮುಟ್ಟಿದ ಇಂಡಿಯನ್ ಏರ್‌ಲೈನ್ಸ್ ವಿಮಾನದಲ್ಲಿ ಪ್ರಯಾಣಿಕರಾಗಿ ಸಿಕ್ಕಿಬಿದ್ದವರಲ್ಲಿ ಅವರೂ ಒಬ್ಬರು. 1999ರಲ್ಲಿ ಪದ್ಮಭೂಷಣ ಕೊಟ್ಟಾಗ, ಅಧಿಕಾರಿಗಳು ಮತ್ತು ಪತ್ರಕರ್ತರು ಸರ್ಕಾರದ ಪ್ರಶಸ್ತಿ ತೆಗೆದುಕೊಳ್ಳಬಾರದು ಎಂದು ಬೇಡವೆಂದರು. ತೀರಿಕೊಂಡದ್ದು 2011ರ ಫೆಬ್ರವರಿಯಲ್ಲಿ. ವಿದೇಶಾಂಗ ಸಚಿವ ಎಸ್. ಜೈಶಂಕರ್ ಅವರ ತಂದೆ ಎಂದರೆ ನಿಮ್ಮ ಬ್ಯಾಚಿನ ಹುಡುಗರಿಗೆ ಬೇಗ ಗುರುತು ಹತ್ತುತ್ತದೆ. ಇಷ್ಟು ಸಾಕು. ಇಸವಿಗಳನ್ನು ಬಾಯಿಪಾಠ ಮಾಡುವ ಕೆಲಸ ಕೋಚಿಂಗ್‌ನವರು ಹೇಗೂ ಮಾಡಿಸುತ್ತಾರೆ.

ಶುರು ಮಾಡಬೇಕಾದದ್ದು ಅವರ ಅಂಕಣಗಳಿಂದಲ್ಲ, ಕಾರ್ಗಿಲ್ ಪರಿಶೀಲನಾ ಸಮಿತಿಯ ವರದಿಯಿಂದ. ಯುದ್ಧ ಮುಗಿದ ಬೆನ್ನಿಗೇ, 1999ರ ಜುಲೈ 29ರಂದು, ಸರ್ಕಾರ ನಾಲ್ಕು ಜನರ ಸಮಿತಿ ಮಾಡಿತು. ಸುಬ್ರಹ್ಮಣ್ಯಂ ಅಧ್ಯಕ್ಷರು. ಜೊತೆಗೆ ನಿವೃತ್ತ ಲೆಫ್ಟಿನೆಂಟ್ ಜನರಲ್ ಕೆ.ಕೆ. ಹಜಾರಿ, ಪತ್ರಕರ್ತ ಬಿ.ಜಿ. ವರ್ಗೀಸ್, ಕಾರ್ಯದರ್ಶಿಯಾಗಿ ಸತೀಶ್ ಚಂದ್ರ. ಭದ್ರತೆಯ ಕಾರಣಕ್ಕೆ ಕೆಲವು ಭಾಗ ತೆಗೆದು 2000ದ ಫೆಬ್ರವರಿಯಲ್ಲಿ ವರದಿಯನ್ನು ಸಂಸತ್ತಿನ ಮುಂದಿಟ್ಟರು. ಅದೇ ವರ್ಷ ಪುಸ್ತಕವಾಗಿಯೂ ಬಂತು. ನಮ್ಮ ದೇಶದಲ್ಲಿ ಒಂದು ಯುದ್ಧದ ಸರ್ಕಾರಿ ಪರಿಶೀಲನೆ ಅಂಗಡಿಯಲ್ಲಿ ದುಡ್ಡು ಕೊಟ್ಟರೆ ಸಿಗುವಂತಾದದ್ದು ಸಣ್ಣ ಮಾತಲ್ಲ. ಯಾಕೆಂದು ಮುಂದೆ ಹೇಳುತ್ತೇನೆ.

ಆ ವರದಿಯ ಒಂದೇ ಒಂದು ಸಂಗತಿ ತೆಗೆದುಕೊಳ್ಳೋಣ. 1999ರ ಮೇ 3ರಂದು ಬಟಾಲಿಕ್ ಕಡೆ ಒಳನುಗ್ಗಿದವರನ್ನು ಮೊದಲು ಕಂಡು ಹೇಳಿದ್ದು ಕುರಿ ಕಾಯುವವರು. ಇದು ಎಲ್ಲರಿಗೂ ಗೊತ್ತು, ಟಿವಿಯಲ್ಲೂ ಬಂದಿದೆ. ಗೊತ್ತಿಲ್ಲದ್ದು ಅದಕ್ಕೂ ಹನ್ನೊಂದು ತಿಂಗಳ ಹಿಂದಿನದು. 1998ರ ಜೂನ್‌ನಲ್ಲಿ ಗುಪ್ತಚರ ದಳಕ್ಕೆ, ಅಂದರೆ ಐಬಿಗೆ, ಗಡಿಯಾಚೆಯ ಚಟುವಟಿಕೆಯ ಸುಳಿವು ಸಿಕ್ಕಿತ್ತು. ವಿಷಯ ದೊಡ್ಡದು ಅನ್ನಿಸಿ ಐಬಿ ನಿರ್ದೇಶಕರು ತಮ್ಮ ರುಜು ಹಾಕಿಯೇ ಪತ್ರ ಕಳಿಸಿದರು. ಪ್ರಧಾನಿಗೆ ಹೋಯಿತು, ಗೃಹ ಸಚಿವರಿಗೆ ಹೋಯಿತು, ಸಂಪುಟ ಕಾರ್ಯದರ್ಶಿಗೆ, ಗೃಹ ಕಾರ್ಯದರ್ಶಿಗೆ, ಸೇನಾ ಕಾರ್ಯಾಚರಣೆಯ ಮಹಾನಿರ್ದೇಶಕರಿಗೂ ಹೋಯಿತು. ಹೋಗಲೇಬೇಕಾಗಿದ್ದ ಮೂವರಿಗೆ ಹೋಗಲಿಲ್ಲ: ಹೊರದೇಶದ ಬೇಹುಗಾರಿಕೆ ನೋಡುವ ರಾ ಕಾರ್ಯದರ್ಶಿ, ಎಲ್ಲ ಸುಳಿವುಗಳನ್ನು ಕೂಡಿಸಿ ನೋಡಬೇಕಾದ ಜಂಟಿ ಗುಪ್ತಚರ ಸಮಿತಿಯ ಅಧ್ಯಕ್ಷ, ಸೇನೆಯ ಗುಪ್ತಚರ ಮಹಾನಿರ್ದೇಶಕ. ಊರಿಗೆಲ್ಲ ಲಗ್ನಪತ್ರಿಕೆ ಹಂಚಿ ಅಡಿಗೆಯವನಿಗೆ ಹೇಳುವುದನ್ನೇ ಬಿಟ್ಟ ಹಾಗಾಯಿತು.

ವರದಿಯ ಆ ಪ್ಯಾರಾದಲ್ಲಿ ಯಾರನ್ನೂ ಬೈದಿಲ್ಲ ಎಂಬುದನ್ನು ಗಮನಿಸಿ. ಪತ್ರ ಯಾರಿಗೆ ಹೋಯಿತು, ಯಾರಿಗೆ ಹೋಗಲಿಲ್ಲ, ಅಷ್ಟೇ. ಆ ಸಮಿತಿ ವ್ಯಕ್ತಿಗಳ ಮೇಲೆ ಹೊಣೆ ಹೊರಿಸಲಿಲ್ಲ ಎಂದು ಆಗಲೂ ಟೀಕೆ ಬಂತು, ಟೀಕೆಯಲ್ಲಿ ಹುರುಳೂ ಇದೆ. ಸತ್ತ 527 ಸೈನಿಕರ ಮನೆಯವರು ‘ಯಾರ ತಪ್ಪು’ ಎಂದು ಕೇಳಿದರೆ ‘ವ್ಯವಸ್ಥೆಯ ತಪ್ಪು’ ಎಂಬ ಉತ್ತರ ಸಾಲದು. ಆದರೆ ನಿಮ್ಮಂಥ ಓದುಗನಿಗೆ ಈ ವರದಿ ಕಲಿಸುವುದು ಬೇರೆ. ಅದರಲ್ಲಿ ಇನ್ನೊಂದು ಮಾತಿದೆ: ಸ್ವಾತಂತ್ರ್ಯದ ಹೊತ್ತಿಗೆ ಮೌಂಟ್‌ಬ್ಯಾಟನ್ ಅವರ ಸಿಬ್ಬಂದಿ ಮುಖ್ಯಸ್ಥ ಲಾರ್ಡ್ ಇಸ್ಮೇ ಹಾಕಿಕೊಟ್ಟು ಮೌಂಟ್‌ಬ್ಯಾಟನ್ ಶಿಫಾರಸು ಮಾಡಿದ ಭದ್ರತಾ ಚೌಕಟ್ಟು 52 ವರ್ಷ ಹೆಚ್ಚುಕಡಿಮೆ ಹಾಗೇ ನಡೆದು ಬಂದಿದೆ. 1962ರಲ್ಲಿ ಸೋತೆವು, 1965ರಲ್ಲಿ ಬಗೆಹರಿಯಲಿಲ್ಲ, 1971ರಲ್ಲಿ ಗೆದ್ದೆವು, ಅಣುಬಾಂಬು ಬಂತು. ಚೌಕಟ್ಟು ಮಾತ್ರ ಅಲುಗಾಡಲಿಲ್ಲ. ಸೋತರೂ ಬದಲಾಗದ್ದು, ಗೆದ್ದರೂ ಬದಲಾಗದ್ದು ಯಾವುದು ಎಂದು ಹುಡುಕುವುದೇ ಅವರ ಇತಿಹಾಸದ ದಾರಿ. ರಾಜರ ಪಟ್ಟಿ, ಕದನದ ಪಟ್ಟಿ ಓದಿ ಬಂದವರಿಗೆ ಮೊದಮೊದಲು ಸಪ್ಪೆ ಅನ್ನಿಸುತ್ತದೆ.

ವರದಿಯ ಮೇಲೆ ಮಂತ್ರಿಗಳ ಗುಂಪೊಂದು ಕೂತು 2001ರ ಫೆಬ್ರವರಿಯಲ್ಲಿ ತನ್ನ ಶಿಫಾರಸು ಕೊಟ್ಟಿತು. ಮೂರೂ ಸೇನೆಗಳಿಗೆ ಸೇರಿದ ರಕ್ಷಣಾ ಗುಪ್ತಚರ ಸಂಸ್ಥೆ ಬಂತು, ಅಂಡಮಾನ್ ನಿಕೋಬಾರ್‌ನಲ್ಲಿ ಜಂಟಿ ಕಮಾಂಡ್ ಬಂತು. ಮೂರೂ ಸೇನೆಗಳಿಗೆ ಒಬ್ಬ ಮುಖ್ಯಸ್ಥ ಬೇಕು ಎಂಬ ಮಂತ್ರಿಗಳ ಮಾತು ಮಾತ್ರ ಕೂತಲ್ಲೇ ಕೂತಿತು. ಜನರಲ್ ಬಿಪಿನ್ ರಾವತ್ ಅಂಥ ಮೊದಲ ಮುಖ್ಯಸ್ಥ, ಅಂದರೆ ಸಿಡಿಎಸ್ ಆಗಿ ಅಧಿಕಾರ ವಹಿಸಿಕೊಂಡದ್ದು 2020ರ ಜನವರಿ 1ರಂದು. ಮೇನ್ಸ್ ಪರೀಕ್ಷೆಯ ಜಿಎಸ್ (ಸಾಮಾನ್ಯ ಅಧ್ಯಯನ) ಮೂರನೇ ಪತ್ರಿಕೆಗೆ ಇದು ನೇರ ಉಪಯೋಗಕ್ಕೆ ಬರುವ ಸಾಲು, ಬರೆದಿಟ್ಟುಕೊಳ್ಳಿ.

ಇದೆಲ್ಲ ದಿಲ್ಲಿಯ ಮಾತು, ನಮ್ಮ ಕಡೆಗೇನು ಸಂಬಂಧ ಅಂತೀರೇನೋ. ಕುಂದಗೋಳ ತಾಲ್ಲೂಕಿನ ಬೆಟದೂರು ನೆನಪಿರಬೇಕು. ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಆ ಊರಿನವರು. 2016ರ ಫೆಬ್ರವರಿ 3ರಂದು ಸಿಯಾಚಿನ್‌ನಲ್ಲಿ ಹಿಮಕುಸಿತವಾಗಿ ಹತ್ತು ಜನ ಹೂತುಹೋದರು. ಆರು ದಿನದ ಮೇಲೆ ಹಿಮ ಅಗೆದಾಗ ಇವರೊಬ್ಬರಲ್ಲಿ ಉಸಿರಿತ್ತು. ಫೆಬ್ರವರಿ 11ರಂದು ದಿಲ್ಲಿಯ ಸೇನಾ ಆಸ್ಪತ್ರೆಯಲ್ಲಿ ತೀರಿಕೊಂಡರು. ಆ ವಾರ ಹುಬ್ಬಳ್ಳಿ-ಧಾರವಾಡದಲ್ಲಿ ಬ್ಯಾನರ್ ಕಟ್ಟದ ಸರ್ಕಲ್ ಇರಲಿಲ್ಲ. ಮೇಣದಬತ್ತಿ ಹಿಡಿದು ನನ್ನ ವಿದ್ಯಾರ್ಥಿಗಳೂ ನಡೆದರು. ಮರುದಿನ ಕ್ಲಾಸಿನಲ್ಲಿ ‘ಅಷ್ಟು ಎತ್ತರಕ್ಕೆ ನಮ್ಮ ಸೈನ್ಯ ಯಾವಾಗ ಹೋಯಿತು, ಯಾಕೆ ಹೋಯಿತು?’ ಎಂದು ಕೇಳಿದೆ. ಕ್ಲಾಸು ಗಪ್‌ಚಿಪ್.

ಉತ್ತರ ಒಂದು ನಕಾಶೆಯಲ್ಲಿದೆ. 1949ರ ಕರಾಚಿ ಒಪ್ಪಂದದಲ್ಲಿ ಭಾರತ-ಪಾಕಿಸ್ತಾನದ ಕದನ ವಿರಾಮದ ಗೆರೆ ಎನ್‌ಜೆ 9842 ಎಂಬ ಗುರುತಿನವರೆಗೆ ಬಂದು ನಿಂತಿತು. ಮುಂದೆ ಬರೀ ಹಿಮನದಿ, ಅಲ್ಲಿಗೆ ಯಾರು ಹೋಗುತ್ತಾರೆ ಎಂದು ಬಿಟ್ಟರು. 1972ರ ಶಿಮ್ಲಾ ಒಪ್ಪಂದದ ನಂತರ ಗೆರೆಯನ್ನು ಮತ್ತೆ ಎಳೆದಾಗಲೂ ಅಲ್ಲಿಗೇ ನಿಲ್ಲಿಸಿದರು. ಆಮೇಲೆ ಪರ್ವತಾರೋಹಿಗಳ ತಂಡಗಳು ಪಾಕಿಸ್ತಾನದ ಕಡೆಯಿಂದ ಹತ್ತತೊಡಗಿದವು, ನಕಾಶೆಗಳು ಬೇರೆ ಬೇರೆ ಗೆರೆ ತೋರಿಸತೊಡಗಿದವು. 1984ರ ಏಪ್ರಿಲ್ 13ರಂದು ಭಾರತದ ಸೈನಿಕರು ಆಪರೇಷನ್ ಮೇಘದೂತದಲ್ಲಿ ಎತ್ತರ ಹಿಡಿದರು. ಎರಡೂ ಕಡೆ ಹಿಂದೆ ಸರಿಯುವ ಮಾತುಕತೆ ಆಗಾಗ ನಡೆಯಿತು. ಕಾರ್ಗಿಲ್ ಆದ ಮೇಲೆ ‘ನಾವು ಇಳಿದರೆ ಅವರು ಹತ್ತುತ್ತಾರೆ’ ಎಂಬ ಭಯಕ್ಕೆ ಎದುರು ಮಾತೇ ಇಲ್ಲವಾಯಿತು. ಅಲ್ಲಿ ಇರಬೇಕೋ ಬಾರದೋ ಎಂದು ತೀರ್ಪು ಕೊಡುವವನು ನಾನಲ್ಲ. ಆದರೆ 1949ರಲ್ಲಿ ಪೂರ್ತಿ ಎಳೆಯದೆ ಬಿಟ್ಟ ಒಂದು ಗೆರೆಗೂ ಬೆಟದೂರಿನ ಒಂದು ಮನೆಗೂ ಇರುವ ನಂಟು ಗೊತ್ತಿಲ್ಲದೆ ಬರೀ ಬ್ಯಾನರ್ ಕಟ್ಟುವುದು ನನಗೆ ಸರಿಬರುವುದಿಲ್ಲ.

ಈಗ ಸುಬ್ರಹ್ಮಣ್ಯಂ ಅವರನ್ನು ಓದುವಾಗ ಎಲ್ಲಿ ಎಚ್ಚರ ಬೇಕು ಎಂಬುದಕ್ಕೆ ಬರುತ್ತೇನೆ. ಅವರು ದೊಡ್ಡ ಗ್ರಂಥ ಬರೆದು ಕೂತವರಲ್ಲ, ಹೆಚ್ಚಿನದು ಪತ್ರಿಕೆಯ ಅಂಕಣ. 2005ರಲ್ಲಿ ಬಂದ ‘ಶೆಡ್ಡಿಂಗ್ ಶಿಬೊಲೆತ್ಸ್’ ಎಂಬ ಸಂಕಲನದಲ್ಲಿ ಅಂಥವು ಸಾಕಷ್ಟು ಸಿಗುತ್ತವೆ. ಇಂಗ್ಲಿಷ್ ಪತ್ರಿಕೆಯ ಇಂಗ್ಲಿಷೇ, ಡಿಕ್ಷನರಿ ಬಹಳ ಬೇಕಾಗುವುದಿಲ್ಲ. ಹೇಳಿದ್ದನ್ನೇ ಹೇಳುತ್ತಾರೆ. ಸ್ವರದಲ್ಲಿ ಅನುಮಾನಕ್ಕೆ ಜಾಗ ಕಡಿಮೆ. ಗಡಿಯಲ್ಲಿ ಬದುಕುವ ಜನ ಅವರ ಪುಟಗಳಲ್ಲಿ ಅಪರೂಪ, ಇರುವುದೆಲ್ಲ ದೇಶ, ಶಕ್ತಿ, ಸಮತೋಲನ. ಬೆಟದೂರಿನಂಥ ಊರಿನಿಂದ ನೋಡುವವನಿಗೆ ಇದು ಕೊರತೆ ಅನ್ನಿಸಿಯೇ ಅನ್ನಿಸುತ್ತದೆ.

ಅವರಿಗೆ ಯುದ್ಧಪ್ರಿಯ ಎಂಬ ಹೆಸರೂ ಅಂಟಿತ್ತು. ಅದನ್ನು ನಾನು ಪೂರ್ತಿ ಒಪ್ಪುವುದಿಲ್ಲ. ಭಾರತಕ್ಕೆ ಅಣ್ವಸ್ತ್ರ ಬೇಕೇ ಬೇಕು ಎಂದು ದಶಕಗಟ್ಟಲೆ ವಾದಿಸಿದವರು ಹೌದು. ಆದರೆ 1998ರ ಪೋಖ್ರಾನ್ ಪರೀಕ್ಷೆಯ ನಂತರ ರಾಷ್ಟ್ರೀಯ ಭದ್ರತಾ ಸಲಹಾ ಮಂಡಳಿಯ ಸಂಚಾಲಕರಾಗಿ ಅವರು ರೂಪಿಸಿದ ಕರಡು, 1999ರ ಆಗಸ್ಟ್‌ನಲ್ಲಿ ಹೊರಬಂದದ್ದು, ಏನು ಹೇಳುತ್ತದೆ? ನಾವಾಗಿ ಮೊದಲು ಬಳಸುವುದಿಲ್ಲ, ಎದುರಾಳಿ ಕೈ ಎತ್ತದಂತೆ ತಡೆಯಲು ಬೇಕಾದಷ್ಟೇ ಇಟ್ಟುಕೊಳ್ಳುತ್ತೇವೆ. ಅವರ ಪ್ರಕಾರ ಬಾಂಬು ಇರುವುದು ಹಾಕುವುದಕ್ಕಲ್ಲ. ಸೋವಿಯತ್ ಒಪ್ಪಂದದ ಕಾಲದಲ್ಲಿ ಅದರ ಪರ ಇದ್ದವರು 2005ರ ಹೊತ್ತಿಗೆ ಅಮೆರಿಕದ ಜೊತೆಗಿನ ಅಣು ಒಪ್ಪಂದದ ಪರ ನಿಂತರು. ಹಳೆಯ ಗೆಳೆಯರು ಸಿಟ್ಟಾದರು. ನನಗೆ ಅದರಲ್ಲಿ ಬಣ್ಣ ಬದಲಿಸಿದ್ದು ಕಾಣುವುದಿಲ್ಲ. ಜಗತ್ತಿನ ತಕ್ಕಡಿ ಬದಲಾಯಿತು, ಅವರ ಲೆಕ್ಕದ ಪದ್ಧತಿ ಅದೇ ಇತ್ತು.

1971ರದ್ದು ಬೇರೆ ಕಥೆ. ಮಾರ್ಚ್ 25ರ ರಾತ್ರಿ ಢಾಕಾದಲ್ಲಿ ಪಾಕಿಸ್ತಾನಿ ಸೈನ್ಯದ ದಮನ ಶುರುವಾದ ವಾರದೊಳಗೇ, ಪಾಕಿಸ್ತಾನ ಒಡೆಯುವುದು ನಮಗೆ ಹಿತ, ಇಂಥ ಅವಕಾಶ ಮತ್ತೆ ಬರಲಾರದು ಎಂಬ ಅರ್ಥದ ಮಾತನ್ನು ಅವರು ದಿಲ್ಲಿಯ ಒಂದು ಸಭೆಯಲ್ಲಿ ಬಹಿರಂಗವಾಗಿ ಆಡಿದರು. ಪಾಕಿಸ್ತಾನದವರು ಅದನ್ನು ಇವತ್ತಿಗೂ ಎತ್ತಿ ತೋರಿಸುತ್ತಾರೆ. ಆ ಮಾತಿನ ಬೆನ್ನಿಗೆ ಶ್ರೀನಾಥ್ ರಾಘವನ್ ಅವರ 1971ರ ಕುರಿತ ಪುಸ್ತಕ ಓದಿ. 2013ರಲ್ಲಿ ಬಂದದ್ದು. ಇವರು ಬಂದೂಕು ಹಿಡಿದವರೇ, ರಜಪೂತಾನಾ ರೈಫಲ್ಸ್‌ನಲ್ಲಿ ಅಧಿಕಾರಿಯಾಗಿದ್ದು ಆಮೇಲೆ ಲಂಡನ್ನಿನ ಕಿಂಗ್ಸ್ ಕಾಲೇಜಿನಲ್ಲಿ ಯುದ್ಧ ಅಧ್ಯಯನ ಓದಿದರು. ಹಲವು ದೇಶಗಳ ಪತ್ರಾಗಾರ ಜಾಲಾಡಿ, ಬಾಂಗ್ಲಾದೇಶ ಹುಟ್ಟುವುದು ಮೊದಲೇ ಬರೆದಿಟ್ಟ ವಿಧಿಯೇನಲ್ಲ, ಆ ಒಂಬತ್ತು ತಿಂಗಳ ಬೇರೆ ಬೇರೆ ನಿರ್ಧಾರಗಳು, ಆಕಸ್ಮಿಕಗಳು ಸೇರಿ ಆದದ್ದು ಎಂದು ತೋರಿಸುತ್ತಾರೆ. ಇಂದಿರಾ ಗಾಂಧಿ ಏಪ್ರಿಲ್‌ನಲ್ಲೇ ದಾಳಿ ಮಾಡಿ ಅಂದರು, ಮಾಣೆಕ್‌ಷಾ ತಡೆದರು ಎಂದು ನಮ್ಮ ಕಟ್ಟೆಗಳ ಮೇಲೆ ಹೇಳುವ ಕಥೆಯನ್ನೂ ಅವರು ಹಾಗೇ ನುಂಗುವುದಿಲ್ಲ. ಸೈನಿಕನಾಗಿದ್ದವನು ಕಾಗದಪತ್ರ ಹಿಡಿದು ಸೇನಾಪತಿಯ ಕಥೆಯನ್ನು ಪ್ರಶ್ನಿಸುತ್ತಾನೆ. ಬಂದೂಕು ಹಿಡಿದವರು, ಹಿಡಿಯದವರು ಎಂಬ ನಿಮ್ಮ ವಿಂಗಡಣೆ ಇಲ್ಲಿ ಎಷ್ಟು ನಿಲ್ಲುತ್ತದೆ ನೋಡಿ.

ಇನ್ನು ಅಭ್ಯಾಸಕ್ಕೆ ಒಂದು ಪ್ರಸಂಗ ಬೇಕಾದರೆ ದೂರ ಹೋಗಬೇಡಿ. ಧಾರವಾಡದ ಕಿಲ್ಲೆಯೇ ಸಾಕು. ಟಿಪ್ಪುವಿನ ವಿರುದ್ಧ ಮರಾಠರೂ ಈಸ್ಟ್ ಇಂಡಿಯಾ ಕಂಪನಿಯೂ ಒಂದಾಗಿದ್ದ ಕಾಲ. 1790ರ ಸೆಪ್ಟೆಂಬರ್‌ನಲ್ಲಿ ಪರಶುರಾಮ ಭಾವು ಪಟವರ್ಧನನ ಮರಾಠಾ ಸೈನ್ಯ, ಜೊತೆಗೆ ಕ್ಯಾಪ್ಟನ್ ಲಿಟ್ಲ್‌ನ ಕಂಪನಿ ತುಕಡಿ, ಕೋಟೆಗೆ ಮುತ್ತಿಗೆ ಹಾಕಿದವು. ಒಳಗೆ ಟಿಪ್ಪುವಿನ ಕಿಲ್ಲೇದಾರ ಬದ್ರುಜ್ಜಮಾನ್ ಖಾನ್. ಕೋಟೆ ಕೈಗೆ ಬಂದದ್ದು 1791ರ ಏಪ್ರಿಲ್‌ನಲ್ಲಿ. ಆ ತುಕಡಿಯಲ್ಲಿದ್ದ ಎಡ್ವರ್ಡ್ ಮೂರ್ ಎಂಬ ಲೆಫ್ಟಿನೆಂಟ್ ಇದನ್ನೆಲ್ಲ ಬರೆದಿಟ್ಟು 1794ರಲ್ಲಿ ಪ್ರಕಟಿಸಿದ. ಅವನ ವರ್ಣನೆ ಸ್ವಾರಸ್ಯವಾಗಿದೆ. ಮರಾಠಾ ಗೋಲಂದಾಜರು ಒಂದು ತೋಪು ತುಂಬುತ್ತಾರೆ, ಎಲ್ಲರೂ ಕೂತು ಅರ್ಧ ತಾಸು ಹರಟೆ ಹೊಡೆಯುತ್ತ ಹೊಗೆ ಸೇದುತ್ತಾರೆ, ಆಮೇಲೆ ಹಾರಿಸುತ್ತಾರೆ. ಧೂಳೆದ್ದರೆ ಸಮಾಧಾನ, ಮತ್ತೆ ತುಂಬಿ ಮತ್ತೆ ಹರಟೆ. ಮಧ್ಯಾಹ್ನ ಒಂದರಿಂದ ಮೂರರವರೆಗೆ ಎರಡೂ ಕಡೆ ಗುಂಡಿನ ಸದ್ದೇ ಅಪರೂಪ, ಊಟದ ಹೊತ್ತು ಎಂದು ಪರಸ್ಪರ ಒಪ್ಪಿಕೊಂಡ ಹಾಗೆ. ಧಾರವಾಡದ ಮಧ್ಯಾಹ್ನದ ನಿದ್ದೆಗೆ ಇಷ್ಟು ಹಳೆಯ ದಾಖಲೆ ಬೇರೆ ಸಿಗಲಿಕ್ಕಿಲ್ಲ.

ನಗುವುದು ಸುಲಭ. ಈಗ ಸುಬ್ರಹ್ಮಣ್ಯಂ ಪ್ರಶ್ನೆ ಹಾಕಿ. ಈ ತಡದ ಬೆಲೆ ಯಾರು ತೆತ್ತರು? ಮೇ ತಿಂಗಳಲ್ಲಿ ಕಂಪನಿಯ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಶ್ರೀರಂಗಪಟ್ಟಣದ ಹೊಸ್ತಿಲಿಗೆ ಬಂದಾಗ ಮರಾಠಾ ಸೈನ್ಯ ಎಲ್ಲಿದೆ ಎಂಬ ಸುದ್ದಿಯೇ ಅವನಿಗೆ ಇರಲಿಲ್ಲ. ಎತ್ತುಗಳು ಸತ್ತವು, ಧಾನ್ಯ ತೀರಿತು. ದೊಡ್ಡ ತೋಪುಗಳನ್ನು ತಾನೇ ಒಡೆದುಹಾಕಿ ಹಿಂದಿರುಗಿದ. ಹಿಂದಿರುಗುವ ದಾರಿಯಲ್ಲಿ ಮರಾಠರು ಸಿಕ್ಕರು, ಅವರ ಬಜಾರಿನಲ್ಲಿ ಬೇಕಾದಷ್ಟು ಕಾಳುಕಡಿ ಇತ್ತು. ಮಿತ್ರರ ನಡುವೆ ಸುದ್ದಿ ಹೋಗದೆ ಯುದ್ಧವೊಂದು ವರ್ಷ ಮುಂದೆ ಬಿತ್ತು. 1998ರ ಜೂನ್ ಪತ್ರದ ಪಕ್ಕ ಇದನ್ನಿಟ್ಟು ಓದಿ.

ಒಂಬತ್ತು ವರ್ಷದ ನಂತರ, 1800ರಲ್ಲಿ, ಕಂಪನಿಯ ಸೈನ್ಯ ಕಟ್ಟಿಕೊಂಡು ಆರ್ಥರ್ ವೆಲ್ಲೆಸ್ಲಿ, ಟಿಪ್ಪು ಸತ್ತ ಮೇಲೆ ಕಂಪನಿಗೆ ತಿರುಗಿಬಿದ್ದ ಧೋಂಡಿಯಾ ವಾಘನ ಬೆನ್ನು ಹತ್ತಿ ಇದೇ ಸೀಮೆಗೆ ಬಂದ. ನಿಮ್ಮ ಜಿಲ್ಲೆಯ ರಾಣೆಬೆನ್ನೂರು ಜೂನ್‌ನಲ್ಲಿ, ಅದರ ಹಿಂದೆಯೇ ಕುಂದಗೋಳ, ಜುಲೈನಲ್ಲಿ ಗದಗ ಕಡೆಯ ಡಂಬಳ. ಸೆಪ್ಟೆಂಬರ್ 10ರಂದು ಕೋಣಗಲ್ಲಿನಲ್ಲಿ ಧೋಂಡಿಯಾ ಸತ್ತ. ವಾಟರ್ಲೂದಲ್ಲಿ ನೆಪೋಲಿಯನ್‌ನನ್ನು ಸೋಲಿಸಿದ ಡ್ಯೂಕ್ ಆಫ್ ವೆಲಿಂಗ್ಟನ್ ಈತನೇ. ಆ ದಿನಗಳ ಅವನ ಪತ್ರಗಳು ಅಚ್ಚಾಗಿವೆ. ಓದಿದರೆ ಶೌರ್ಯದ ಮಾತು ಕಡಿಮೆ. ಅಕ್ಕಿ ಎಷ್ಟು ಬಂತು, ಎತ್ತು ಎಷ್ಟು ಬೇಕು, ತುಂಬಿದ ಹೊಳೆ ದಾಟಲು ದೋಣಿ ಎಲ್ಲಿ ಎಂಬುದೇ ಜಾಸ್ತಿ.

ಮೇಲೆ ಕಾರ್ಗಿಲ್ ವರದಿ ಸಿಗುವುದು ಸಣ್ಣ ಮಾತಲ್ಲ ಎಂದೆನಲ್ಲ, ಕಾರಣ ಇಲ್ಲಿದೆ. 1800ರಲ್ಲಿ ಸವಣೂರು ಸೀಮೆಯಲ್ಲಿ ವೆಲ್ಲೆಸ್ಲಿಯ ಎತ್ತಿನ ಚಿಂತೆ ಏನಿತ್ತು ಎಂದು ನೀವು ಮನೆಯಲ್ಲಿ ಕೂತು ಓದಬಹುದು. 1962ರ ಸೋಲಿನ ಬಗ್ಗೆ ಲೆಫ್ಟಿನೆಂಟ್ ಜನರಲ್ ಹೆಂಡರ್ಸನ್ ಬ್ರೂಕ್ಸ್ ಮತ್ತು ಬ್ರಿಗೇಡಿಯರ್ ಭಗತ್ 1963ರಲ್ಲಿ ಕೊಟ್ಟ ವರದಿಯನ್ನು ಸರ್ಕಾರ ಇನ್ನೂ ಬಿಡುಗಡೆ ಮಾಡಿಲ್ಲ. 2014ರಲ್ಲಿ ನೆವಿಲ್ ಮ್ಯಾಕ್ಸ್‌ವೆಲ್ ಎಂಬ ಪತ್ರಕರ್ತ ತನ್ನ ಹತ್ತಿರ ಇದ್ದ ಒಂದು ಭಾಗವನ್ನು ಅಂತರ್ಜಾಲಕ್ಕೆ ಹಾಕಿದ, ಅಷ್ಟೇ ನಮಗೆ ಸಿಕ್ಕಿದ್ದು. ಯಾವ ಪಕ್ಷದ ಸರ್ಕಾರ ಬಂದರೂ ಬೀಗ ತೆಗೆಯಲಿಲ್ಲ. 2021ರ ಜೂನ್‌ನಲ್ಲಿ ರಕ್ಷಣಾ ಸಚಿವಾಲಯ ಹೊಸ ನೀತಿ ಪ್ರಕಟಿಸಿತು: ಯುದ್ಧದ ದಾಖಲೆಗಳನ್ನು ಸಾಮಾನ್ಯವಾಗಿ 25 ವರ್ಷಕ್ಕೆ ಬಿಡುಗಡೆ ಮಾಡುವುದು, ಯುದ್ಧ ಮುಗಿದ ಎರಡು ವರ್ಷದೊಳಗೆ ಇತಿಹಾಸ ಬರೆಯುವ ಸಮಿತಿ ಮಾಡುವುದು. ನೀತಿ ಚೆನ್ನಾಗಿದೆ. 1962ರಂಥ ಹಳೆಯ ಯುದ್ಧಗಳ ದಾಖಲೆಯನ್ನು ಮಾತ್ರ ಒಂದೊಂದಾಗಿ ಪರಿಶೀಲಿಸಿ ನಿರ್ಧರಿಸುತ್ತಾರಂತೆ.

ಹೀಗಾಗಿ ನನ್ನ ಸಲಹೆ: ಮೊದಲು ಕಾರ್ಗಿಲ್ ವರದಿಯ ಕೊನೆಯ ಎರಡು ಭಾಗ, ಅಂದರೆ ಕಂಡುಕೊಂಡದ್ದು ಮತ್ತು ಶಿಫಾರಸು. ಮುಂಚಿನ ಅಧ್ಯಾಯಗಳಿಗೆ ಆಮೇಲೆ ಹೋಗಬಹುದು. ಅದಾದ ಮೇಲೆ ರಾಘವನ್. ಸುಬ್ರಹ್ಮಣ್ಯಂ ಅಂಕಣಗಳನ್ನು ನಡುನಡುವೆ, ಒಂದು ಸಲಕ್ಕೆ ನಾಲ್ಕೈದು, ಅದಕ್ಕಿಂತ ಹೆಚ್ಚು ಓದಿದರೆ ಬೇಸರ ಬರುತ್ತದೆ. ನೋಟ್ಸ್ ಮಾಡುವಾಗ ಒಂದು ಪುಟದಲ್ಲಿ ತಾರೀಖು, ಅದರ ಮುಂದೆ ಯಾರಿಗೆ ಗೊತ್ತಿತ್ತು, ಯಾರಿಗೆ ಹೇಳಿದರು, ನಿರ್ಧಾರ ಯಾರದು, ದುಡ್ಡು ಯಾರದು ಎಂದು ಮನೆ ಹಾಕಿಕೊಳ್ಳಿ. ತುಂಬದೆ ಖಾಲಿ ಉಳಿದ ಮನೆಗಳನ್ನು ಕೆಂಪು ಶಾಯಿಯಲ್ಲಿ ಸುತ್ತಿ. ಕಿಲ್ಲೆಯ ಪ್ರಸಂಗಕ್ಕೆ ಈ ಪುಟ ಬೇಗ ತುಂಬುತ್ತದೆ. 1962ಕ್ಕೆ ಹಾಕಿದರೆ ಎಷ್ಟು ಕೆಂಪಾಗುತ್ತದೆ ಎಂದು ನೋಡಿ, ಬೇಕಾದರೆ ಅದರ ಫೋಟೊ ಇಲ್ಲೇ ಕೆಳಗೆ ಹಾಕಿ.